ಅಬ್ಬಾ ಸುಣ್ಣ ಹೊಡೆಸಿದ ಶೆಡ್ಡು

ಮುಂಬೈಯಲ್ಲಿ ನನ್ನ ಮನೆಗೆ ಬೆಳಗಿನ ಸೂರ್ಯ ಪಶ್ಚಿಮದಿಂದ ಬರುತ್ತಾನೆ. ಮೊದಲ ದಿನ ಎದ್ದವಳು ದಿಕ್ಕು ತಪ್ಪಿ ಕುಳಿತಿದ್ದೆ. ಆಮೇಲೆ ತಿಳಿಯಿತು, ಎದುರಿನ ಗಾಜಿನ ಕಟ್ಟಡ ಬಿಸಿಲನ್ನು ತಿರುಗಿಸಿ ನನ್ನ ಕಿಟಕಿಗೆ ಎಸೆಯುತ್ತಿತ್ತು. ಒಂದೇ ಕೋಣೆಯ ಮನೆಗೆ ಇಲ್ಲಿ 'ಖೋಲಿ' ಅನ್ನುತ್ತಾರೆ. ಖೋಲಿ ಬಾಡಿಗೆಯದು, ಅದರ ಬಿಸಿಲೂ ಎರವಿನದು.

ನಾನು ಸಿನಿಮಾ ಛಾಯಾಗ್ರಾಹಕಿ. ಶಿಡ್ಲಘಟ್ಟದಲ್ಲಿ ರೇಷ್ಮೆ ನೂಲು ತೆಗೆಯುವವರ ಮಗಳು. ನಮ್ಮ ಶೆಡ್ಡಿನ ತುಂಬ ಗೂಡು ಬೇಯುವ ಹಬೆ, ಗೋಡೆಯ ತುಂಬ ಮಸಿ. ಮಾಡಿನ ಒಂದೇ ಗಾಜಿನ ಹೆಂಚಿನಿಂದ ಬಿಸಿಲು ಇಳಿದು ಆ ಹಬೆಯಲ್ಲಿ ನಿಲ್ಲುತ್ತಿತ್ತು. ನೂಲು ತೆಗೆಯುವ ಲಕ್ಷ್ಮಕ್ಕನ ಕೈ ಬೆಳಕಿನಲ್ಲಿ, ಮುಖ ಕತ್ತಲಲ್ಲಿ. ಇಷ್ಟು ವರ್ಷ ಸಿನಿಮಾಗಳಲ್ಲಿ ನಾನು ಮಾಡಿದ್ದೂ ಇದನ್ನೇ: ಮೇಲಿನಿಂದ ಒಂದು ದೀಪ, ಸ್ವಲ್ಪ ಹೊಗೆ, ಉಳಿದದ್ದು ಕತ್ತಲು. ಇಲ್ಲಿನವರು ಅದನ್ನು ನನ್ನ ಶೈಲಿ ಎಂದು ಹೊಗಳುತ್ತಾರೆ. ಉಬ್ಬಿದ್ದೂ ಉಂಟು. ಆದರೆ ಇಲ್ಲಿ ಹೊಗೆ ಬಿಡುವುದು ಯಂತ್ರ, ಅದಕ್ಕೆ ವಾಸನೆಯಿಲ್ಲ. ಬೆಂದ ಹುಳುವಿನ ನಾತಕ್ಕೆ ಮೂಗು ಮುಚ್ಚಿಕೊಂಡು ಶಾಲೆಗೆ ಓಡುತ್ತಿದ್ದವಳು ಈಗ ಅದೇ ನಾತವನ್ನು ಹುಡುಕುತ್ತೇನೆ.

ಹೋದ ವರ್ಷ ನನ್ನ ತಂದೆ, ಅಬ್ಬಾ, ಶೆಡ್ಡು ಕೆಡವುತ್ತೇನೆಂದರು. ಅವರ ಉಸಿರಾಟಕ್ಕೆ ಹಬೆ ಒಗ್ಗುವುದಿಲ್ಲವೆಂದು ಡಾಕ್ಟರು ಹೇಳಿದ್ದರು. ಅದಕ್ಕೆ ಮೊದಲು ಆ ಬೆಳಕನ್ನು ಒಮ್ಮೆ ಸೆರೆಹಿಡಿಯಬೇಕೆಂಬ ಆಸೆ ನನಗೆ. "ನಾನು ಕ್ಯಾಮೆರಾ ತರ್ತೀನಿ, ಅಲ್ಲಿವರೆಗೂ ಕೆಡವಬೇಡಿ" ಎಂದಷ್ಟೇ ಹೇಳಿದೆ. ಕೈಲಿದ್ದ ಶೂಟಿಂಗ್ ಮುಗಿಸಿ ಊರು ಸೇರುವಷ್ಟರಲ್ಲಿ ರಂಜಾನ್ ಕಳೆದಿತ್ತು.

ಶೆಡ್ಡಿನ ಬಾಗಿಲು ತೆರೆದರೆ ಕಣ್ಣು ಕುಕ್ಕಿತು. ಮಸಿಯನ್ನೆಲ್ಲ ಉಜ್ಜಿಸಿ ಬಿಳಿ ಸುಣ್ಣ ಹೊಡೆಸಿದ್ದರು. ಸಾಲಾಗಿ ಟ್ಯೂಬ್‌ಲೈಟು. ಗಾಜಿನ ಹೆಂಚಿನ ಜಾಗದಲ್ಲಿ ಹೊಸ ಮಣ್ಣಿನ ಹೆಂಚು. ನಮ್ಮ ಕಡೆ ಫೋಟೋ ತೆಗೆಯುವವರು ಬರುತ್ತಾರೆಂದರೆ ಮೊದಲು ಗೋಡೆಗೆ ಸುಣ್ಣ ಬೀಳುತ್ತದೆ. ಅದು ನನಗೆ ಹೊಳೆಯಬೇಕಿತ್ತು.

"ಅಬ್ಬಾರು ಮುಂದೆ ನಿಂತು ಮಾಡ್ಸಿದ್ರು ಕಣಮ್ಮಾ," ಎಂದರು ಲಕ್ಷ್ಮಕ್ಕ. "ನಮ್ ಹುಡುಗಿ ಪಿಚ್ಚರ್‌ನಲ್ಲಿ ನಮ್ ಶೆಡ್ಡು ಕೊಳಕಾಗಿ ಕಾಣ್ಬಾರ್ದು ಅಂತ."

ಅಬ್ಬಾ ಇಸ್ತ್ರಿ ಮಾಡಿದ ಜುಬ್ಬಾ ತೊಟ್ಟು ಆರಿದ ಒಲೆಯ ಪಕ್ಕ ನಿಂತಿದ್ದರು. ಮನೆಯಲ್ಲಿ ನಮ್ಮದು ಉರ್ದು. ಕ್ಯಾಮೆರಾ ಕಂಡದ್ದೇ ತಡ, ನಾಲ್ಕು ಜನರ ಮುಂದೆ ಆಡುವ ಕನ್ನಡಕ್ಕೆ ತಿರುಗಿದರು. "ಬೆಳಕು ಸಾಕೇನಮ್ಮಾ? ಇನ್ನೊಂದು ಲೈಟ್ ಹಾಕಿಸ್ಲಾ?"

"ಸಾಕು ಅಬ್ಬಾ. ಚೆನ್ನಾಗೈತೆ."

ಅವರು ನಿಂತಂತೆಯೇ ಚಿತ್ರ ತೆಗೆದೆ.

ಈಗ ಶೆಡ್ಡಿಲ್ಲ. ಅಬ್ಬಾರ ಕೆಮ್ಮು ಕಡಿಮೆಯಾಗಿದೆ, ಅದೊಂದು ಸಮಾಧಾನ. ಆ ಹಳೆಯ ಬೆಳಕು ಬೇಕೆಂದರೆ ಮುಂಬೈಯ ಸ್ಟುಡಿಯೋದಲ್ಲೇ ಮಾಡಿಕೊಳ್ಳಬೇಕು. ಊರಿಗೆ ಹೋದರೆ ಸಿಗುವುದಿಲ್ಲ. ನಾನು ತೆಗೆದುದರಲ್ಲಿ ಮುಖದ ಮೇಲೆ ಒಂದಿಷ್ಟೂ ನೆರಳಿಲ್ಲದ ಚಿತ್ರ ಆ ದಿನದ್ದೊಂದೇ. ಅಬ್ಬಾರ ಒಂದೊಂದು ಸುಕ್ಕೂ ಕಾಣುತ್ತದೆ. ಬೆಳಿಗ್ಗೆ ಪಶ್ಚಿಮದ ಕಿಟಕಿಗೆ ಪರದೆ ಎಳೆದು ಅದನ್ನು ನೋಡುತ್ತೇನೆ. ಬೆಳಕು ಸಾಕೇ ಎಂದು ಚಿತ್ರದೊಳಗಿಂದ ಅವರು ಕೇಳುತ್ತಾರೆ.