ತಳದ ನೀರು

ಮಾನ್ವಿಯಲ್ಲಿ ಅಕ್ಕ ಎಂಬರ್ಥದಲ್ಲಿ ನಾವೆಲ್ಲ ಆಪಾ ಎನ್ನುವ ಪಕ್ಕದ ಮನೆಯವರು ಮದುವೆಗಳಿಗೆ ಮಸಾಲೆಯ ಬಗಾರ ಅನ್ನ ಮಾಡಿಕೊಡುವವರು. ನಾನು ಹೈಸ್ಕೂಲಿನ ಗಣಿತ ಟೀಚರ್. ನನಗೆ ಮೂಗಿನ ತುದಿಯಲ್ಲೇ ಸಿಟ್ಟು ಎಂದು ಮಕ್ಕಳು ಹೇಳುವುದೇನೂ ಸುಳ್ಳಲ್ಲ. ದೇವದುರ್ಗದ ಹಾಸ್ಟೆಲ್ಲೊಂದರಲ್ಲಿ ಮುಖ್ಯ ಅಡುಗೆಯವರ ಕೆಲಸ ಖಾಲಿಯಾಗುವುದರಲ್ಲಿತ್ತು. ಆಪಾಗೆ ಅದರ ಮೇಲೆ ಮನಸ್ಸು. ಆದರೆ ಹತ್ತನೆಯ ತರಗತಿ ಪಾಸಾಗಿರಬೇಕಿತ್ತು. ಉಳಿದೆಲ್ಲ ವಿಷಯ ಮುಗಿಸಿದ್ದ ಅವರು ಗಣಿತದಲ್ಲಿ ಮಾತ್ರ ಎರಡು ಸಲ ಫೇಲಾಗಿದ್ದರು.

"ಇದೊಂದ್ ಸಲ ಕಲಿಸ್ರಿ ಟೀಚರ್. ಇಲ್ಲಾಂದ್ರ ಆ ಕೆಲಸ ಬ್ಯಾರೇರಿಗೆ ಹೋಗತದ," ಎಂದು ನಮ್ಮ ಕಟ್ಟೆಯ ಮೇಲೆ ಬಂದು ಕೂತರು.

ಅನುಪಾತದ ಪಾಠಕ್ಕೆ ಬಂದು ಗಾಡಿ ನಿಂತಿತು. ಪುಸ್ತಕದಲ್ಲೊಂದು ಕೋಷ್ಟಕ: ಮೇಲಿನ ಸಾಲಿನಲ್ಲಿ ಒಂದು, ಎರಡು, ನಾಲ್ಕು, ಕೆಳಗೆ ಎರಡು, ಮೂರು, ಐದು. ಇದು ನೇರ ಅನುಪಾತವೇ ಎಂಬುದು ಪ್ರಶ್ನೆ.

"ಹೌದ್ರಿ. ಇದು ಹೆಚ್ಚಾದ್ರ ಅದೂ ಹೆಚ್ಚಾಗತದಲ್ಲ," ಎಂದರು ಆಪಾ. ಮೂರನೆಯ ದಿನವೂ ಅದೇ ಉತ್ತರ.

"ಬರೇ ಹೆಚ್ಚಾದ್ರ ಸಾಲಂಗಿಲ್ರೀ. ಇದು ಎರಡು ಪಟ್ಟಾದ್ರ ಅದೂ ಎರಡು ಪಟ್ಟಾಗಬೇಕು. ಭಾಗಿಸಿ ನೋಡ್ರಿ ಅಂತ ಎಷ್ಟ್ ಸಲ ಹೇಳ್ಬೇಕು?" ನನ್ನ ದನಿ ಏರಿತು.

ಅವರು ಪುಸ್ತಕ ಮಡಚಿದರು. "ನನ್ನ ತಲಿಗೆ ಹತ್ತಂಗಿಲ್ರಿ ಇದು," ಎಂದು ಎದ್ದು ಹೋದರು. ಮರುದಿನ ಬರಲಿಲ್ಲ. ನಾನೂ ಬಿಗುಮಾನದಿಂದ ಕರೆಯಲಿಲ್ಲ.

ಅದೇ ವಾರ ಶಾಲೆಯಲ್ಲಿ ಹತ್ತನೆಯವರಿಗೆ ಬೀಳ್ಕೊಡುಗೆಯ ಊಟ. ಆಪಾ ಚೀಕಲಪರ್ವಿಗೆ ತಂಗಿಯ ಮನೆಗೆ ಹೋಗಿದ್ದರು. ಬಗಾರದ ಉಸ್ತುವಾರಿ ನಾನೇ ವಹಿಸಿಕೊಂಡೆ. ಮನೆಯಲ್ಲಿ ಒಂದು ಲೋಟ ಅಕ್ಕಿಗೆ ಎರಡು ಲೋಟ ನೀರು ಇಡುವವಳು ನಾನು. ಅರವತ್ತಕ್ಕೆ ನೂರಿಪ್ಪತ್ತು ಎಂದು ಅಳೆದು ಸುರಿಸಿದೆ. ಮುಚ್ಚಳ ತೆಗೆದರೆ ಅನ್ನವಲ್ಲ, ಗಂಜಿ. ಮಕ್ಕಳು ಪಾಪ ಏನೂ ಅನ್ನದೆ ಉಂಡರು. ಒಬ್ಬಳು ಮಾತ್ರ ಮೆಲ್ಲಗೆ, "ಟೀಚರ್, ಚಮಚ ಅದಾವೇನ್ರಿ?" ಎಂದಳು. ನೆಲ ಬಾಯಿ ಬಿಡಬಾರದೇ ಅನ್ನಿಸಿತು.

ಆಪಾ ಊರಿಂದ ಬಂದ ದಿನ ನಾನೇ ಅವರ ಮನೆಗೆ ಹೋಗಿ ನಡೆದದ್ದನ್ನೆಲ್ಲ ಹೇಳಿದೆ. ಅವರು ಬಾಯಿಗೆ ಸೆರಗು ಅಡ್ಡ ಹಿಡಿದು ನಕ್ಕರು.

"ಎಲ್ಲಾ ನೀರು ಅಕ್ಕಿ ಕುಡಿಯಂಗಿಲ್ರೀ. ಅಕ್ಕಿ ಕುಡಿಯೋ ನೀರು ಬ್ಯಾರೆ, ಆವಿಯಾಗಿ ಹೋಗೋ ನೀರು ಬ್ಯಾರೆ. ನಾ ಅದಕ್ಕ ತಳದ ನೀರು ಅಂತೀನಿ. ಅದನ್ನ ಒಂದ ಸಲ ಹಾಕಾದು, ಆಮ್ಯಾಲ ಲೋಟಕ್ಕ ಲೋಟ."

"ಒಂದು ಲೋಟ ಅಕ್ಕಿಗೆ ಎರಡು ನೀರು. ಎರಡಕ್ಕ?" ಎಂದೆ ನಾನು.

"ಮೂರು."

"ನಾಕಕ್ಕ?"

"ಐದು. ದೊಡ್ಡ ಪಾತ್ರಿ ಆದ್ರ ತಳದ ನೀರು ತುಸು ಜಾಸ್ತಿ, ಅಷ್ಟ."

ಹೇಳುತ್ತ ಹೇಳುತ್ತಲೇ ಅವರಿಗೆ ಹೊಳೆಯಿತು. ನಾವು ಜಗಳವಾಡಿದ್ದ ಕೋಷ್ಟಕವೇ ಅದು. ಆಪಾ ಎದ್ದು ಪುಸ್ತಕ ತಂದು, ಕೆಳಗಿನ ಸಾಲನ್ನು ಮೇಲಿನದರಿಂದ ಒಂದೊಂದಾಗಿ ಭಾಗಿಸಿದರು. ಎರಡು, ಒಂದೂವರೆ, ಒಂದೂಕಾಲು.

"ಎಲ್ಲಾ ಒಂದ ಬರಾಕತ್ತಿಲ್ರೀ. ಇದರಾಗ ತಳದ ನೀರು ಅದ. ಅನುಪಾತ ಅಲ್ಲ." ಆಮೇಲೆ ಪುಸ್ತಕದಲ್ಲಿ ಪಕ್ಕಕ್ಕೇ ಇದ್ದ ಆ ಕೋಷ್ಟಕದ ಗ್ರಾಫ್ ನಕ್ಷೆಯ ಮೇಲೆ ಬೆರಳಿಟ್ಟರು. "ನೋಡ್ರಿ, ಅಕ್ಕಿ ಸೊನ್ನಿ ಇದ್ದಾಗೂ ಇಲ್ಲಿ ಒಂದು ಲೋಟ ನೀರು. ಗೆರಿ ನೆಟ್ಟಗ ಅದ, ಖರೆ. ಆದ್ರ ಸೊನ್ನಿಯಿಂದ ಹೊಂಟಿಲ್ಲ."

ಇಷ್ಟು ವರ್ಷ ಪಾಠ ಹೇಳಿ ನಾನು ಅಷ್ಟು ಸಲೀಸಾಗಿ ಎಂದೂ ಹೇಳಿರಲಿಲ್ಲ. ಸ್ವಲ್ಪ ಹೊಟ್ಟೆಕಿಚ್ಚಾಯಿತು. ಅದಕ್ಕಿಂತ ಹೆಚ್ಚು ಸಂತೋಷವಾಯಿತು. ಅವತ್ತು ರೇಗಿದ್ದಕ್ಕೆ ತಪ್ಪಾಯಿತು ಎಂದೆ. "ಇರಲಿ ಬಿಡ್ರಿ, ಗಂಜಿ ಉಂಡೀರಲ್ಲ," ಎಂದರು.

ಪರೀಕ್ಷೆಗೆ ರಾಯಚೂರಿಗೆ ಜೊತೆಯಲ್ಲೇ ಹೋದೆ. ಹೊರಗೆ ಬಂದ ಆಪಾ ಪ್ರಶ್ನೆಪತ್ರಿಕೆಯನ್ನು ನನ್ನ ಕೈಗಿಟ್ಟರು. ಅದರಲ್ಲೂ ಒಂದು ಕೋಷ್ಟಕವಿತ್ತು. ಅಂಚಿನಲ್ಲಿ ಪೆನ್ಸಿಲಿನಿಂದ ಬರೆದಿದ್ದರು: ತಳದ ನೀರಿಲ್ಲ, ಅನುಪಾತ ಹೌದು. ನಾನು ಅಲ್ಲೇ ನಿಂತು ಭಾಗಿಸಿ ನೋಡಿದೆ. ಸರಿಯಿತ್ತು.

ಫಲಿತಾಂಶ ಬಂದಾಗ ಮೊಬೈಲಿನಲ್ಲಿ ತೆರೆದವಳು ನಾನು. ಪಾಸಿಗೆ ಎಷ್ಟು ಬೇಕೋ ಅಷ್ಟೇ ಅಂಕ, ಒಂದೂ ಹೆಚ್ಚಿಲ್ಲ. ಇಷ್ಟೇನಾ ಎಂದು ಬಾಯಿಗೆ ಬಂದದ್ದನ್ನು ನುಂಗಿಕೊಂಡೆ. ಆಪಾ ಮೊಬೈಲನ್ನು ಎರಡೂ ಕೈಯಲ್ಲಿ ಹಿಡಿದು ಬಹಳ ಹೊತ್ತು ನೋಡಿದರು.

"ತಳದ ನೀರಷ್ಟ ಬಂದದರೀ ಟೀಚರ್. ಅಕ್ಕಿ ಹಾಕಾದು ಇನ್ನ ಮುಂದ ಅದ," ಎಂದರು. ಕಣ್ಣೊರೆಸಿಕೊಂಡು, ದೇವದುರ್ಗಕ್ಕೆ ಮುಂಜಾನೆ ಮೊದಲ ಬಸ್ಸು ಎಷ್ಟಕ್ಕೆ ಎಂದು ಕೇಳಿದರು.