ಕೇಳದೆ ಸಿಕ್ಕ ಕಿಟಕಿ

ಆ ಬೀದಿಯಲ್ಲಿ ಟೈಲರಮ್ಮ ಎಂದರೆ ತಂಗಿ. ಅಕ್ಕನೂ ಅದೇ ಕೆಲಸದವಳೇ, ಆದರೆ ಅವಳನ್ನು ಎಲ್ಲರೂ ಹಿಂದಿನ ಕೋಣೆಯಮ್ಮ ಎನ್ನುತ್ತಿದ್ದರು. ಅಪ್ಪ ಸಾಯುವ ಮುಂಚೆ ತನ್ನ ಹೊಲಿಗೆ ಅಂಗಡಿಯನ್ನು ಇಬ್ಬರಿಗೂ ಹಂಚಿ ಬರೆದಿಟ್ಟಿದ್ದ. ಬೀದಿಗೆ ಮುಖವಾದ, ದೊಡ್ಡ ಗಾಜಿನ ಕಿಟಕಿಯ ಕೋಣೆ ತಂಗಿಗೆ, ಹಿಂದಿನದು ಅಕ್ಕನಿಗೆ, ಹಿಂದಕ್ಕೆ ಹೋಗುವ ಪಕ್ಕದ ಕಿರುದಾರಿ ಇಬ್ಬರಿಗೂ. ಹಿಂದಿನ ಕೋಣೆಗೆ ಮೇಲ್ಗಡೆ ಒಂದು ಗವಾಕ್ಷಿ ಇತ್ತು, ಅಷ್ಟೇ. ನಡುಹಗಲಿನಲ್ಲೇ ದೀಪ ಹಾಕಬೇಕು. ಕಪ್ಪು ಬಟ್ಟೆಗೆ ಗುಂಡಿಯ ಕಾಜಾ ಹೊಲಿಯುವಾಗ ಅಕ್ಕ ಅದನ್ನು ಮೂಗಿಗೇ ತಾಗಿಸಿಕೊಳ್ಳುತ್ತಿದ್ದಳು.

ಕೈಕೆಲಸದಲ್ಲಿ ಅಕ್ಕನದೇ ಮೇಲುಗೈ. ಕೋಟಿನ ತೋಳು ಕೂರಿಸುವ ಕೆಲಸ ಬಂದರೆ ತಂಗಿ, "ಇದು ಅಕ್ಕನ ಕೈಗೇ ಸರಿ" ಎಂದು ಗಿರಾಕಿಯನ್ನು ಹಿಂದಿನ ಕೋಣೆಗೆ ಕಳಿಸುತ್ತಿದ್ದಳು. ಅಕ್ಕನಿಗೆ ಮೈ ಉರಿಯುತ್ತಿದ್ದದ್ದೇ ಅದಕ್ಕೆ. ಕಳಿಸುವುದಕ್ಕೆ ಇವಳು ಯಾರು? ಮುಂದಿನ ಕೋಣೆಯಲ್ಲಿ ನಗು ಕೇಳಿಸಿದರೆ ಹಿಂದಿನ ಕೋಣೆಯ ಯಂತ್ರ ತಟ್ಟನೆ ನಿಲ್ಲುತ್ತಿತ್ತು. ದೇವರ ಮುಂದೆ ಕೂತಾಗಲೂ ಅಕ್ಕ "ಎಲ್ಲರನ್ನೂ ಚೆನ್ನಾಗಿಡಪ್ಪ" ಎನ್ನುವಳೇ ಹೊರತು ಆ ಕಿಟಕಿಯ ಮಾತು ಎತ್ತುತ್ತಿರಲಿಲ್ಲ. ತನ್ನ ಹೊಟ್ಟೆಕಿಚ್ಚು ಅವನಿಗೆ ತಿಳಿದುಬಿಟ್ಟೀತೆಂಬ ಅಂಜಿಕೆ. ಅದುವರೆಗೆ ತಿಳಿದೇ ಇರಲಿಲ್ಲವೇನೋ ಎನ್ನುವ ಹಾಗೆ!

ಒಂದು ದಿನ ತಂಗಿ ಕಿರುದಾರಿಯಲ್ಲಿ ಬಟ್ಟೆ ತೊಡಿಸಿದ ಆಳೆತ್ತರದ ಮೂರು ಗೊಂಬೆಗಳನ್ನು ನಿಲ್ಲಿಸಿದಳು. ಅಕ್ಕನ ಗಿರಾಕಿಗಳು ಓರೆಯಾಗಿ ನುಸುಳಬೇಕಾಯಿತು. ದಪ್ಪನೆಯವನೊಬ್ಬ ಅಲ್ಲಿಂದಲೇ, "ಅಮ್ಮಾ, ನಾನು ಮೊದಲು ಸಣ್ಣಗಾಗಿ ಬರ್ತೀನಿ, ಆಮೇಲೆ ಅಳತೆ ತಗೊಳ್ಳಿ" ಎಂದು ಕೂಗಿ ಹೊರಟುಹೋದ.

ಅಂದೇ ಅಕ್ಕ ವಕೀಲರ ಬಳಿಗೆ ಹೋದಳು.

"ದಾರಿ ತೆರವು ಒಂದೇನಾ? ಮುಂದಿನ ಕೋಣೇಲಿ ಪಾಲು ಗೀಲು ಏನಾದ್ರೂ ಕೇಳೋದಿದೆಯಾ?" ಎಂದರು ವಕೀಲರು.

"ಅಯ್ಯೋ, ಬೇಡಪ್ಪ! ನಾನೇನು ಆಸೆಬುರುಕಿನಾ? ದಾರಿ ಬಿಟ್ರೆ ಸಾಕು."

ದಾವೆಯಲ್ಲಿ ಅಷ್ಟೇ ಬರೆದರು. ಆದರೆ ನ್ಯಾಯಾಧೀಶರು ಮರುಕದ ಮನುಷ್ಯ. ಜಾಗ ನೋಡಲು ಬಂದವರು ಹಿಂದಿನ ಕೋಣೆಯ ಕತ್ತಲಲ್ಲಿ ತಡವರಿಸಿ ಮೊಣಕಾಲು ಬಡಿಸಿಕೊಂಡರು. ಗೊಂಬೆಗಳನ್ನು ತೆಗೆಯಬೇಕು ಎಂದದ್ದಲ್ಲದೆ, ಮುಂದಿನ ಕೋಣೆಯಲ್ಲಿ ಕಿಟಕಿಯ ಕಡೆಯ ಅರ್ಧವನ್ನು ಅಕ್ಕನಿಗೆ ಬಿಟ್ಟುಕೊಡಬೇಕು ಎಂದೂ ತೀರ್ಪು ಬರೆದರು. ಕೇಳದೆಯೇ ದೇವರು ಕೊಟ್ಟ ಎಂದು ಅಕ್ಕ ಕಣ್ಣೀರಿಟ್ಟಳು. ತಂಗಿಯ ಮುಖ ಬಿಳಿಚಿಕೊಂಡದ್ದನ್ನು ನೆನೆನೆನೆದು ಆ ದಿನ ಎರಡು ತುತ್ತು ಹೆಚ್ಚಿಗೆ ಉಂಡಳು.

ಅಕ್ಕ ಯಂತ್ರವನ್ನು ಮುಂದಕ್ಕೆ ಸಾಗಿಸುವ ಮೊದಲೇ ತಂಗಿ ಮೇಲ್ಮನವಿ ಹಾಕಿದಳು. ಮೇಲಿನ ಕೋರ್ಟು ಗೊಂಬೆಗಳ ವಿಷಯವನ್ನು ಉಳಿಸಿ ಕಿಟಕಿಯ ವಿಷಯವನ್ನು ಹೊಡೆದುಹಾಕಿತು.

"ಯಾಕೆ ಸ್ವಾಮಿ? ನನ್ನ ಕೋಣೇಲಿ ಬೆಳಕಿಲ್ಲ ಅನ್ನೋದು ಸುಳ್ಳಾ?" ಎಂದು ಅಕ್ಕ ವಕೀಲರನ್ನು ಕೇಳಿದಳು.

"ಸುಳ್ಳಲ್ಲಮ್ಮ. ಆದ್ರೆ ನೀವು ಅದನ್ನ ಕೇಳಿರಲಿಲ್ಲ. ಕೇಳದೇ ಇದ್ದದ್ದಕ್ಕೆ ನಿಮ್ಮ ತಂಗಿ ಏನಂತ ಉತ್ತರ ಕೊಡ್ತಾರೆ? ಒಂದು ಮಾತಾಡೋಕೂ ಬಿಡದೆ ಅವರ ಕೋಣೆ ಕಿತ್ತುಕೊಂಡ ಹಾಗಾಯ್ತು. ಮುಂದೆ ಇಟ್ಟ ಜಗಳವನ್ನಷ್ಟೇ ನ್ಯಾಯಾಧೀಶರು ಬಿಡಿಸಬೇಕು. ಮನಸ್ಸು ಎಷ್ಟೇ ಒಳ್ಳೇದಿರಲಿ, ನಾವು ಇಡದೇ ಇರೋ ಜಗಳಕ್ಕೆ ಕೈ ಹಾಕೋ ಹಾಗಿಲ್ಲ."

ವಕೀಲರು ಪೆನ್ನು ತೆಗೆದರು. "ಬೇಕಿದ್ರೆ ಹೊಸ ದಾವೆ ಹಾಕೋಣ. ಈ ಸಲ ಬಾಯಿಬಿಟ್ಟು ಹೇಳಿ. ಆ ಕೋಣೆ ಯಾಕೆ ಬೇಕು? ಯಾವ ಹಕ್ಕಿನ ಮೇಲೆ?"

ಅಪ್ಪನ ಬರಹ ಕನ್ನಡಿಯ ಹಾಗೆ ಸ್ಪಷ್ಟವಾಗಿತ್ತು. ಹಕ್ಕು ಎಂಬುದು ಇರಲೇ ಇಲ್ಲ. ಉಳಿದದ್ದು ಒಂದೇ ಕಾರಣ, ಅದನ್ನು ಕಾಗದದ ಮೇಲೆ ಬರೆಸುವುದು ಹೇಗೆ?

"ಬರೀಬೇಡಿ" ಎಂದು ಎದ್ದವಳು ನೇರ ಮುಂದಿನ ಕೋಣೆಗೇ ನಡೆದಳು.

"ಏನೇ, ಈ ಕೋಣೆ ಅಪ್ಪ ನಿನಗ್ಯಾಕೆ ಕೊಟ್ಟ?"

ತಂಗಿ ತುಟಿಯಲ್ಲಿ ಕಚ್ಚಿಕೊಂಡಿದ್ದ ಗುಂಡುಸೂಜಿಗಳನ್ನು ತೆಗೆದಳು. "ಅಬ್ಬಾ! ಎರಡು ಕೋರ್ಟು ಹತ್ತಿ ಇಳಿದ ಮೇಲಾದ್ರೂ ಕೇಳಿದೆಯಲ್ಲಕ್ಕಾ! ಅಪ್ಪ ಏನಂದ ಗೊತ್ತಾ? ದೊಡ್ಡವಳ ಕೈ ಚೆನ್ನಾಗಿದೆ, ಎಲ್ಲಿದ್ರೂ ಜನ ಹುಡುಕ್ಕೊಂಡು ಹೋಗ್ತಾರೆ. ಇವಳು ಎದುರಿಗೆ ಕಾಣದಿದ್ರೆ ಉಪವಾಸ ಬೀಳ್ತಾಳೆ, ಅಂದ. ನನ್ನ ಮುಖಕ್ಕೇ ಅಂದ. ಆವತ್ತಿನಿಂದ ನಿನ್ನ ಕಂಡ್ರೆ ನನಗೆ ಉರಿ."

ಇಷ್ಟು ವರ್ಷ ಉರಿದದ್ದು ತಾನೊಬ್ಬಳೇ ಎಂದು ಅಕ್ಕ ಅಂದುಕೊಂಡಿದ್ದಳು. ಸುಧಾರಿಸಿಕೊಂಡು, "ಕಿಟಕಿ ಹತ್ರ ಒಂದು ಯಂತ್ರಕ್ಕೆ ಜಾಗ ಕೊಡ್ತೀಯಾ?" ಎಂದಳು.

"ಕೊಡಲ್ಲ."

ಅಕ್ಕ ತಿರುಗಿದಳು.

"ಪೂರ್ತಿ ಕೇಳಿ ಹೋಗು! ಬೆಳಗ್ಗೆ ಆರರಿಂದ ಎಂಟು, ಕೈಹೊಲಿಗೆ ತಂದು ಕೂತ್ಕೋ. ಗಿರಾಕಿ ಬರೋ ಹೊತ್ತಿಗೆ ಎದ್ದು ಹೋಗಬೇಕು. ನಿನ್ನ ಕೆಲಸ ಅವರು ಇಲ್ಲಿ ನೋಡೋದು ನನಗೆ ಬೇಡ."

"ಎಷ್ಟು ಹೊಟ್ಟೆಕಿಚ್ಚೇ ನಿನಗೆ!"

"ನಿನ್ನಷ್ಟಿಲ್ಲ ಬಿಡು."

ಮರುದಿನ ಆರಕ್ಕೆ ಅಕ್ಕ ಕಿಟಕಿಯ ಬಳಿ ಕೂತಳು. ಬೆಳಕು ಮಡಿಲ ತುಂಬ ಬಿತ್ತು. ಸೂಜಿಗೆ ದಾರ ಒಂದೇ ಸಲಕ್ಕೆ ಹೋಯಿತು. ಎಂಟಾಗುತ್ತಲೇ ತಂಗಿ, "ಎಂಟು ಅಂದ್ರೆ ಎಂಟು, ಎದ್ದೇಳು" ಎಂದಳು. ಅಕ್ಕ ಎದ್ದಳು. ಆದರೆ ಹೊಲಿದ ಅಂಗಿಯನ್ನು ಮಡಿಸುವ ಕೆಲಸವನ್ನು ಮೊದಲ ಗಿರಾಕಿ ಬಾಗಿಲಿಗೆ ಬರುವವರೆಗೂ ಎಳೆದಳು.