ಕನಸು ಕೇಳುತ್ತಿದ್ದ ಮೇಷ್ಟ್ರು

ಮೊನ್ನೆ ಹಳೆಯ ಟ್ರಂಕು ಝಾಡಿಸುವಾಗ ಒಂದು ಕಾರ್ಬನ್ ಹಾಳೆ ಸಿಕ್ಕಿತು. ಮೂಗಿಗೆ ಹಿಡಿದೆ. ಆ ವಾಸನೆ ಬಂದದ್ದೇ ತಡ, ಮೇಷ್ಟ್ರು ನೆನಪಾದರು.

ಅರವತ್ತರ ದಶಕ. ಸಾಗರದಲ್ಲಿ ನನ್ನದೊಂದು ಟೈಪಿಂಗ್ ಅಂಗಡಿ. ಎದುರುಮನೆಯ ಮೇಷ್ಟ್ರು ಮುಳುಗಡೆಯ ಊರುಗಳಲ್ಲಿ ಪಾಠ ಹೇಳಿ ನಿವೃತ್ತರಾದವರು. ಶರಾವತಿಗೆ ಅಣೆಕಟ್ಟಾದ ಮೇಲೆ ಅಲ್ಲಿಯ ಜನ ಏನೇನು ಕನಸು ಕಾಣುತ್ತಾರೆಂದು ಕೇಳಿ ಬರೆದಿಡುವುದು ಅವರ ಹುಚ್ಚು. ಕೆಟ್ಟ ಕನಸು ಬಿದ್ದರೆ ಹರಿಯುವ ನೀರಿಗೆ ಹೇಳಿಬಿಡುವುದು ಅಲ್ಲಿಯವರ ರೂಢಿ. ಈಗ ಹೊಳೆಯೇ ನಿಂತಿತ್ತಲ್ಲ! "ನಿಂತ ನೀರಿಗೆ ಹೇಳಿರೆ ಅಲ್ಲೇ ಉಳೀತದೆ ಮೇಷ್ಟ್ರೇ" ಎಂದು ಹೆಂಗಸರು ಇವರ ಬಳಿ ಹೇಳಿ ಹಗುರಾಗುತ್ತಿದ್ದರು. ಹೆಸರು ಯಾರಿಗೂ ಬಿಟ್ಟುಕೊಡುವುದಿಲ್ಲವೆಂದು ಇವರು ಮಾತು ಕೊಟ್ಟಿದ್ದರು.

ಕನಸಿನ ಅಧ್ಯಯನಕ್ಕೆಂದೇ 'ಸ್ವಪ್ನ ಪುರಸ್ಕಾರ' ಕೊಡುತ್ತಾರೆಂದು ಪತ್ರಿಕೆಯಲ್ಲಿ ಓದಿ ಅರ್ಜಿ ಹಾಕಿ ಎಂದು ಮೇಷ್ಟ್ರ ಬೆನ್ನು ಬಿದ್ದವನು ನಾನೇ. ಊರೆಲ್ಲ ಮರುಳ ಅನ್ನುತ್ತಿದ್ದ ಮನುಷ್ಯನ ಕೊರಳಿಗೆ ಒಮ್ಮೆಯಾದರೂ ಹಾರ ಬೀಳಲಿ ಎಂಬ ಆಸೆ ನನಗೂ ಇತ್ತು, ಅವರಿಗೂ ಇತ್ತು. ಅರ್ಜಿಯಲ್ಲಿ ಕನಸು ಕಂಡವರ ಹೆಸರು, ಊರು ಕೇಳಿದ್ದರು. "ಅದೊಂದು ಬಿಟ್ಬಿಡು ಮಾರಾಯ" ಎಂದರು ಮೇಷ್ಟ್ರು. ಬಿಟ್ಟರೆ ಅರ್ಜಿ ಕಸದ ಬುಟ್ಟಿಗೇ ಎಂದಿತು ನನ್ನ ಅತಿಜಾಣತನ. ಅವರ ನೋಟ್‌ಬುಕ್ಕಿನ ಅಂಚಿನಲ್ಲಿದ್ದ ಹೆಸರುಗಳನ್ನೆಲ್ಲ ಟೈಪು ಮಾಡಿ ಕೊನೆಗೆ ಸೇರಿಸಿದೆ. ಅವರು ನನ್ನನ್ನು ನಂಬಿ, ಓದದೆ ಸಹಿ ಹಾಕಿದರು.

ಎರಡು ತಿಂಗಳಾಗಿತ್ತೋ ಏನೋ... ಇಬ್ಬರು ತೀರ್ಪುಗಾರರು ಮೇಷ್ಟ್ರ ಮನೆಗೆ ಖುದ್ದು ಬಂದರು; ನಾನೂ ಅಂಗಡಿ ಬಿಟ್ಟು ಓಡಿದೆ. ಬಹುಮಾನ ನಿಮಗೇ, ಒಬ್ಬರನ್ನು ವಿಚಾರಿಸಿಬಿಟ್ಟರೆ ಮುಗಿಯಿತು, ಎಂದರು. ಪಟ್ಟಿ ನೋಡಿ ಬ್ಯಾಕೋಡು ಕಡೆಯ ಹೆಂಗಸೊಬ್ಬಳಿಗೆ ಮೊದಲೇ ಕಾಗದ ಬರೆದಿದ್ದರಂತೆ. ಆಕೆ ದೋಣಿ ದಾಟಿ, ಬಸ್ಸು ಹಿಡಿದು ಬಂದು ಮೇಷ್ಟ್ರ ಜಗುಲಿಯ ಕೆಳಗೆ ನಿಂತಿದ್ದಳು. ಜೊತೆಗೆ ಗಂಡ. ಅವಳ ಕನಸು ನನಗೆ ಬಾಯಿಪಾಠವಾಗಿತ್ತು: ಗಂಡ ಮುಳುಗುತ್ತ ಕೈ ಚಾಚುತ್ತಾನೆ, ಅವಳು ದೋಣಿ ತಿರುಗಿಸಿಕೊಂಡು ಹೋಗುತ್ತಾಳೆ.

"ಇವ್ಳು ಎಂತ ಕನಸು ಕಂಡಿದ್ದು ಮೇಷ್ಟ್ರೇ? ದಾರಿಯಿಡೀ ಕೇಳ್ದೆ, ಬಾಯೇ ಬಿಡ್ಲಿಲ್ಲ" ಎಂದ ಗಂಡ. ದನಿ ಮೆತ್ತಗಿತ್ತು. ಕೈ ಮಾತ್ರ ಅವಳ ರಟ್ಟೆ ಬಿಟ್ಟಿರಲಿಲ್ಲ. ತೀರ್ಪುಗಾರರೊಬ್ಬರು ಹಾಳೆ ತೆಗೆದು, ಓದಲು ಕನ್ನಡಕ ಏರಿಸಿದರು.

ಮೇಷ್ಟ್ರು ಹೆಸರಿನ ಪಟ್ಟಿಯನ್ನು ನೋಡಿದರು. ಆಮೇಲೆ ನನ್ನನ್ನು ನೋಡಿದರು, ಒಂದೇ ಸಲ... ಹಾಳೆಯನ್ನು ತೀರ್ಪುಗಾರರ ಕೈಯಿಂದ ತೆಗೆದುಕೊಂಡರು.

"ಓದ್ಬೇಡಿ. ಅಷ್ಟೂ ಸುಳ್ಳು. ಕೂತಲ್ಲೇ ಕಟ್ಟಿ ಬರ್ದಿದ್ದು. ನೀವು ಹೆಸರು ಕೇಳಿದ್ರಿ, ಗುರ್ತು ಇದ್ದೋರದ್ದು ಹಾಕ್ದೆ. ಈಕೆ ನಂಗೆ ಎಂತದೂ ಹೇಳಿಲ್ಲ."

ತೀರ್ಪುಗಾರರು ಥೂ ಎಂದು ಎದ್ದು ಹೋದರು. ಗಂಡ ಅವಳ ರಟ್ಟೆ ಬಿಟ್ಟ. ಮೇಷ್ಟ್ರಿಗೆ ಬಾಯಿಗೆ ಬಂದದ್ದೆಲ್ಲ ಬೈದು ಹೆಂಡತಿಯನ್ನು ಕರೆದುಕೊಂಡು ಹೋದ. ನಾನು ಆಗ ಬಾಯಿ ಬಿಟ್ಟಿದ್ದರೆ ಅವಳಿಗೇ ಕೇಡಾಗುತ್ತಿತ್ತು, ನಿಜ. ಆದರೆ ಅವರೆಲ್ಲ ಹೋದ ಮೇಲೆ, ತಪ್ಪಾಯ್ತು ಮೇಷ್ಟ್ರೇ ಅನ್ನುವುದಕ್ಕೆ ನನ್ನನ್ನು ಯಾರು ಹಿಡಿದಿದ್ದರು? ಮೆಲ್ಲಗೆ ಜಾರಿಕೊಂಡೆ. ಮಾರನೆಯ ದಿನವೂ ಹೋಗಲಿಲ್ಲ. ಅವರು ಊರು ಬಿಟ್ಟು ಮಗಳೊಂದಿಗೆ ತೀರ್ಥಹಳ್ಳಿಗೆ ಹೋಗುವ ದಿನ ಅಂಗಡಿಯ ಬಾಗಿಲು ಹಾಕಿಕೊಂಡು ಒಳಗೇ ಕೂತಿದ್ದೆ. ಅಲ್ಲಿಯೇ ತೀರಿಕೊಂಡರಂತೆ.

ಈಗಲೂ ಮದುವೆಮನೆಗಳಲ್ಲಿ ನಾಲ್ಕು ಜನ ಹಳಬರು ಸೇರಿದರೆ 'ಸುಳ್ಳು ಮೇಷ್ಟ್ರ' ಕತೆ ಬಂದೇ ಬರುತ್ತದೆ. ಎಲ್ಲರೂ ನಗುತ್ತಾರೆ. ಇಷ್ಟು ವರ್ಷ ನಾನೂ ನಕ್ಕಿದ್ದೇನೆ.